ಉಡಿಗೆ ರಸೀದಿ ಕೇಳಿದ ಸಾಹೇಬರಿಗೆ

ಮಾನ್ಯ ಸಾಹೇಬರೇ,

ನನ್ನನ್ನು ಹಿಡಿದು ಒಯ್ಯಲು ಬಂದ ದಿನ ನೀವು ಒಂದು ನಿಮಿಷವೂ ತಡ ಮಾಡಿರಲಿಲ್ಲ. ಸಾಕ್ಷಿ ಹೇಳಲು ಬನ್ನಿ ಎಂದು ವಿಜಯಪುರದ ಸಿವಿಲ್ ನ್ಯಾಯಾಲಯ ಮೂರು ಸಲ ಸಮನ್ಸು ಕಳಿಸಿದರೂ ನಿಮಗೆ ದಾರಿ ಸಿಕ್ಕಿಲ್ಲ. ಮೊದಲ ಸಲ ಬಂದೋಬಸ್ತು. ಎರಡನೆಯ ಸಲ ಇನ್ನೊಂದು ಬಂದೋಬಸ್ತು. ಮೂರನೆಯ ಸಲ ಸೊಂಟನೋವು, ಅದಕ್ಕೆ ವೈದ್ಯರ ಚೀಟಿ. ನಿಮ್ಮ ಸೊಂಟ ಬೇಗ ಗುಣವಾಗಲಿ. ಮುಂದಿನ ತಿಂಗಳ ಹನ್ನೆರಡನೆಯ ತಾರೀಖು, ಬೆಳಗ್ಗೆ ಹನ್ನೊಂದಕ್ಕೆ ಹಾಜರಾಗಬೇಕೆಂಬ ನಾಲ್ಕನೆಯ ಸಮನ್ಸು ಹೊರಟಿದೆ. ಅದೂ ನಿಮ್ಮ ಕೈ ಸೇರದೆ ಹೋದೀತು ಎಂಬ ಅಂಜಿಕೆಯಿಂದ ಪತ್ರಿಕೆಯ ಮೂಲಕ ಬರೆಯುತ್ತಿದ್ದೇನೆ. ಬಂದೋಬಸ್ತಿನಲ್ಲಿ ನಿಂತವರು ಬೇರೆ ಕೆಲಸವಿಲ್ಲದೆ ಪತ್ರಿಕೆ ಓದುತ್ತಾರೆ ಎಂದು ಕೇಳಿದ್ದೇನೆ.

ನಾನು ಯಾರೆಂಬುದು ನಿಮಗೆ ಮರೆತಿರಬಹುದು. ನಾಲ್ಕು ವರ್ಷದಲ್ಲಿ ನೀವು ಎಷ್ಟೋ ಜನರನ್ನು ಹಿಡಿದಿರುತ್ತೀರಿ, ನಡುವೆ ಒಂದು ಬಡ್ತಿಯೂ ಆಗಿದೆ. ನಾನು ತಿಕೋಟಾದ ನಂದಾ. ನಿಮ್ಮ ಕಡತದಲ್ಲಿ ‘ಒಂದನೇ ಆರೋಪಿತಳು’. ಎರಡನೆಯವರು ಯಾರೂ ಇರಲಿಲ್ಲ, ಆದರೂ ಒಂದನೇ ಸ್ಥಾನವನ್ನೇ ಕೊಟ್ಟಿರಿ. ಹತ್ತನೆಯ ಇಯತ್ತೆಯಲ್ಲಿ ಕನ್ನಡ ವಿಷಯಕ್ಕೆ ಒಂದನೇ ಸ್ಥಾನ ಬಂದ ಮೇಲೆ ನನ್ನ ಜನ್ಮದಲ್ಲಿ ಸಿಕ್ಕ ಎರಡನೆಯ ಒಂದನೇ ಸ್ಥಾನ ಅದು. ಆ ಕನ್ನಡ ಓದಿದ್ದರ ಫಲವಾಗಿಯೇ ಈ ಪತ್ರವನ್ನು ವಕೀಲರ ಕೈಯಿಂದ ಬರೆಸದೆ ನಾನೇ ಬರೆಯುತ್ತಿದ್ದೇನೆ, ತಪ್ಪಿದ್ದರೆ ಮನ್ನಿಸಿರಿ.

ನನ್ನ ಕೆಲಸ ಒಣದ್ರಾಕ್ಷಿ ಆರಿಸುವುದು. ತಿಕೋಟಾದಿಂದ ಹೊನವಾಡದ ಕಡೆ ಹೊರಟರೆ ದಾರಿಯ ಎರಡೂ ಬದಿ ಹಸಿರು ಜಾಳಿಗೆ ಹೊದ್ದ ಶೆಡ್ಡುಗಳು ಕಾಣುತ್ತವಲ್ಲ, ಅವುಗಳೊಳಗೆ ಹೆಂಗಸರು ಸಾಲಾಗಿ ಕುಳಿತು ಕಡ್ಡಿ ತೆಗೆದು, ಕರಿಯದನ್ನು ಬೇರೆ, ಹಳದಿಯದನ್ನು ಬೇರೆ ಮಾಡುತ್ತಾರೆ. ನನ್ನ ಜೊತೆ ಹದಿನಾಲ್ಕು ಜನ ಹೆಂಗಸರಿದ್ದರು. ನಾನು ಅವರ ಮುಂದಾಳು. ಯಾವ ಶೆಡ್ಡಿಗೆ ಹೋಗಬೇಕು, ಎಷ್ಟು ಕೂಲಿ, ಕುಡಿಯುವ ನೀರು ಎಲ್ಲಿ, ಇವೆಲ್ಲ ಮಾತಾಡುವವಳು ನಾನು. ನಡುನಡುವೆ ಅವರಿಗೆ ಪತ್ರಿಕೆ ಓದಿ ಹೇಳುವವಳೂ ನಾನೇ. ನಮ್ಮನ್ನು ದಿನಾ ಟೆಂಪೋದಲ್ಲಿ ಶೆಡ್ಡಿಗೆ ಬಿಡುತ್ತಿದ್ದವರು ಹೊನವಾಡದ ಲಾಡಲೇಸಾಬ. ಇಷ್ಟೇ ನಮ್ಮ ಸಂಘಟಿತ ಅಪರಾಧ ಜಾಲ.

ನಮ್ಮ ಮೇಲೆ ದೂರು ಕೊಟ್ಟವರ ಹೆಸರನ್ನು ವ್ಯಾಜ್ಯ ಮುಗಿಯುವ ತನಕ ಬರೆಯಬೇಡಿ ಎಂದು ವಕೀಲರು ಹೇಳಿದ್ದಾರೆ. ಸಾವಕಾರರು ಎನ್ನುತ್ತೇನೆ. ಅವರ ಶೆಡ್ಡಿನಲ್ಲಿ ಒಂಬತ್ತು ಹಂಗಾಮು ದುಡಿದೆವು. ಅವರ ಹೆಂಡತಿಯನ್ನು ನಾವೆಲ್ಲ ವೈನಿ ಎಂದು ಕರೆಯುತ್ತೇವೆ. ಹಂಗಾಮಿನ ಕಡೆಯ ದಿನ ಕೆಲಸ ಮುಗಿದ ಮೇಲೆ ವೈನಿ ಶೆಡ್ಡಿಗೆ ಬಂದು ಒಬ್ಬೊಬ್ಬರನ್ನೇ ಮಣೆಯ ಮೇಲೆ ಕೂರಿಸಿ, ಕುಂಕುಮ ಹಚ್ಚಿ ಉಡಿ ತುಂಬುತ್ತಿದ್ದರು. ಬೇರೆ ಕಡೆ ಉಡಿಗೆ ಅಕ್ಕಿ ಹಾಕುತ್ತಾರೆ. ವೈನಿ ಅಕ್ಕಿಯ ಮೇಲೆ ಬೊಗಸೆ ಬೊಗಸೆ ಒಣದ್ರಾಕ್ಷಿ ಹಾಕುವರು, ನಾವೇ ಆರಿಸಿದ ದ್ರಾಕ್ಷಿ. ಮುಂದಾಳು ಎಂದು ನನಗೆ ಎರಡು ಬೊಗಸೆ ಹೆಚ್ಚು. ಹಿರಿಯಳಾದ ಕಾಳವ್ವನ ಗಂಡ ತೀರಿಹೋಗಿ ಹತ್ತು ವರ್ಷವಾಗಿದ್ದರೂ ವೈನಿ ಅವಳನ್ನು ಬಿಡುತ್ತಿರಲಿಲ್ಲ. “ದುಡದ ಕೈಗೆ ಉಡಿ ತುಂಬೋದು, ಅದಕ್ಯಾವ ಶಾಸ್ತ್ರ ಬೇ” ಎಂದು ಮೊದಲು ಅವಳಿಗೇ ತುಂಬುತ್ತಿದ್ದರು.

ಉಡಿ ಎಂದರೇನೆಂದು ನಿಮಗೆ ವಿವರಿಸಬೇಕಾಗಿ ಬಂದದ್ದು ನನ್ನ ಕರ್ಮ. ನೀವು ಇದೇ ಜಿಲ್ಲೆಯವರು. ನಿಮ್ಮ ಮನೆಯಿಂದ ಯಾವ ಹೆಣ್ಣುಮಗಳೂ ಬರಿ ಸೆರಗಿನಲ್ಲಿ ಹೊರಗೆ ಹೋಗಿರಲಾರಳು. ಉಡಿಯನ್ನು ಯಾರೂ ಕೇಳಿ ಪಡೆಯುವುದಿಲ್ಲ, ಕೊಟ್ಟರೆ ಬೇಡ ಎನ್ನುವುದಿಲ್ಲ, ತಂದದ್ದನ್ನು ಮಾರುವುದಿಲ್ಲ, ಎಷ್ಟಿದೆ ಎಂದು ತೂಗುವುದಿಲ್ಲ. ಮನೆಗೆ ತಂದು ದೇವರ ಜಗಲಿಯ ಮೇಲೆ ಇಟ್ಟು, ಆಮೇಲೆ ಮನೆಯವರೆಲ್ಲ ತಿನ್ನುತ್ತೇವೆ. ಇಷ್ಟೇ ಅದರ ಕಾಯಿದೆ. ನಿಮ್ಮ ಪುಸ್ತಕದಲ್ಲಿ ಈ ಕಲಮು ಇಲ್ಲದೆ ಇರುವುದು ನನ್ನ ತಪ್ಪಲ್ಲ.

ಆ ವರ್ಷವೂ ವೈನಿ ಉಡಿ ತುಂಬಿದರು. ಅಂದೇ ಸಾವಕಾರರು ನನ್ನನ್ನು ಕರೆದು, ತಮ್ಮನ ಶೆಡ್ಡಿನಲ್ಲೂ ಮಾಲು ಬಿದ್ದಿದೆ, ಸೋಮವಾರದಿಂದ ಅಲ್ಲಿಗೆ ಹೆಂಗಸರನ್ನು ಕರೆತಾ ಎಂದರು. ಆ ತಮ್ಮ ಹಿಂದಿನ ವರ್ಷದ ಕೂಲಿಯನ್ನೇ ಪೂರ್ತಿ ಕೊಟ್ಟಿರಲಿಲ್ಲ. ಬೇರೊಬ್ಬರಿಗೆ ಮಾತು ಕೊಟ್ಟಾಗಿದೆ ಎಂದೆ. ಹಂಗಾಮಿನಲ್ಲಿ ಆಳು ಸಿಗುವುದು ಎಷ್ಟು ಕಷ್ಟವೆಂದು ಈ ಕಡೆ ಎಲ್ಲರಿಗೂ ಗೊತ್ತು. ಸಾವಕಾರರು ಸಿಟ್ಟಿನಲ್ಲಿ, “ನನ್ನ ಮಾತ ಮೀರಿ ಹ್ಯಾಂಗ ದುಡೀತಿ ನೋಡ್ತೇನಿ. ಯಾವ ಶೆಡ್ಡಿನ್ಯಾಗೂ ನಿನ್ನ ಕೂಡ್ರಿಸಿಗೊಳ್ಳಬಾರದು, ಹಂಗ ಮಾಡ್ತೇನಿ” ಎಂದರು. ಟೆಂಪೋದ ಬಾಗಿಲಲ್ಲಿ ನಿಂತಿದ್ದ ಲಾಡಲೇಸಾಬರೂ ಇದನ್ನು ಕೇಳಿಸಿಕೊಂಡರು. ಇದು ಗುರುವಾರ. ಸೋಮವಾರ ನಾವು ಹೊಸ ಶೆಡ್ಡಿಗೆ ಹೋದೆವು. ಮಂಗಳವಾರ ಸಾವಕಾರರ ಶೆಡ್ಡಿನಿಂದ ಹದಿನೆಂಟು ಬಾಕ್ಸು ಒಣದ್ರಾಕ್ಷಿ ಕಳುವಾಗಿದೆಯೆಂದು, ಅದನ್ನು ನಾನೇ ಕದ್ದಿದ್ದೇನೆಂದು ನಿಮ್ಮಲ್ಲಿ ದೂರು ದಾಖಲಾಯಿತು. ಮಂಗಳವಾರವೇ ಹನ್ನೊಂದು ಗಂಟೆಗೆ, ಹೊಸ ಶೆಡ್ಡಿನಿಂದ ನನ್ನನ್ನು ಹತ್ತಿಸಿಕೊಂಡು, ನಿಮ್ಮ ಜೀಪು ನಮ್ಮ ಓಣಿಯಲ್ಲಿತ್ತು. ದೂರಿನ ಶಾಯಿ ಒಣಗಲಾದರೂ ಬಿಡಬೇಕಿತ್ತು ಸಾಹೇಬರೇ.

ನಮ್ಮ ಮಾತುಕತೆ ನಿಮಗೆ ನೆನಪಿದೆಯೇ? ನನಗೆ ಅಕ್ಷರಕ್ಷರ ನೆನಪಿದೆ.

“ಮನ್ಯಾಗ ಒಣದ್ರಾಕ್ಷಿ ಐತೇನು?” ಎಂದಿರಿ.

“ಐತ್ರಿ.”

“ಎಲ್ಲಿಂದ ತಂದಿ?”

“ಸಾವಕಾರ್ರ ಶೆಡ್ಡಿನಿಂದ್ರಿ.”

“ಅವರನ್ನ ಕೇಳಿ ತಂದಿ ಏನು?”

“ಉಡಿ ಕೇಳಿ ತರೂದಲ್ರಿ ಸಾಹೇಬ್ರ.”

“ಕೇಳಿ ತಂದಿಲ್ಲ. ಹೌದಲ್ಲೋ?”

“ಹೌದ್ರಿ. ಕೇಳಿಲ್ರಿ. ಅವ್ರ ಮನಿಯವ್ರ ತುಂಬ್ಯಾರ.”

“ರಸೀದಿ ಐತೇನು?”

ನಾನು ನಕ್ಕುಬಿಟ್ಟೆ. ನನ್ನ ಜೀವನದಲ್ಲಿ ಅಷ್ಟು ದುಬಾರಿಯ ನಗೆ ಇನ್ನೊಂದಿಲ್ಲ. ನೀವು ಕುಳಿತು ಬರೆದಿರಿ: “ಸದರಿ ಮಾಲನ್ನು ಮಾಲೀಕರನ್ನು ಕೇಳದೆ ತಂದಿರುವುದಾಗಿ ಆರೋಪಿತಳು ಒಪ್ಪಿಕೊಂಡಿರುತ್ತಾಳೆ.” ಮೇಲೆ ‘ಸ್ವಖುಷಿ ಹೇಳಿಕೆ’ ಎಂಬ ತಲೆಬರಹ. ಅಂದು ನನಗೆ ಆದ ಖುಷಿಯನ್ನು ಇಷ್ಟು ಜನರ ಮುಂದೆ ಹೇಗೆ ವರ್ಣಿಸಲಿ?

ಬುದ್ಧಿ ಇದ್ದ ಕಳ್ಳಿಯಾಗಿದ್ದರೆ, ದ್ರಾಕ್ಷಿಯೇ ಇಲ್ಲ ಎನ್ನುತ್ತಿದ್ದೆ. ಉಡಿಯಲ್ಲಿ ತಂದದ್ದನ್ನು ತಂದಿಲ್ಲ ಎಂದು ಹೇಳಬಾರದು, ಕೊಟ್ಟ ಮನೆಗೆ ಕೇಡು ಎಂದು ನಮ್ಮವ್ವ ಕಲಿಸಿದ್ದಳು. ನಿಮ್ಮ ತರಬೇತಿ ಶಾಲೆಯಲ್ಲಿ ಇದನ್ನು ಕಲಿಸಿರಲಿಲ್ಲವೆಂದು ಆಗ ನನಗೆ ತಿಳಿದಿರಲಿಲ್ಲ.

ನಂತರ ಪಂಚನಾಮೆ ನಡೆಯಿತು. ಅದರ ನಕಲು ನನ್ನ ಬಳಿ ಇದೆ, ಆಗಾಗ ತೆಗೆದು ಓದುತ್ತೇನೆ. ದೇವರ ಜಗಲಿಯ ಮೇಲಿಂದ ಜಪ್ತಿ ಮಾಡಿದ ಸ್ವತ್ತು: ಒಣದ್ರಾಕ್ಷಿ ಎರಡು ಕಿಲೋ ಮುನ್ನೂರು ಗ್ರಾಂ, ಅಕ್ಕಿ ಒಂದು ಪಾವು, ತೆಂಗಿನಕಾಯಿ ಒಂದು, ಕುಪ್ಪಸದ ಹಸಿರು ಖಣ ಒಂದು, ಅರಿಶಿನ ಕೊಂಬು ಐದು, ಉತ್ತತ್ತಿ ಐದು, ಅಡಿಕೆ ಐದು, ಎಲೆ ಐದು (ಬಾಡಿದ್ದು). ಎಲೆ ಬಾಡಿತ್ತು ಎಂಬುದನ್ನೂ ಬಿಡದೆ ಬರೆದ ನಿಮ್ಮ ನಿಷ್ಠೆಯನ್ನು ಮೆಚ್ಚಬೇಕು. ಒಂದೇ ಪ್ರಶ್ನೆ. ಕದಿಯಲು ಹೋದವಳು ಐದು ಅರಿಶಿನ ಕೊಂಬು ಎಣಿಸಿಕೊಂಡು ಹೋಗುತ್ತಾಳೆಯೇ? ಕದ್ದ ಮಾಲಿನ ಮೇಲೆ ಶಾಸ್ತ್ರಕ್ಕೆ ತೆಂಗಿನಕಾಯಿ ಇಟ್ಟುಕೊಂಡು ಬರುತ್ತಾಳೆಯೇ? ಇವನ್ನು ಒಂದೊಂದಾಗಿ ಎತ್ತಿ ಚೀಲಕ್ಕೆ ಹಾಕುವಾಗ ನಿಮ್ಮ ಕೈಗೆ ಏನೂ ಅನಿಸಲಿಲ್ಲವೇ? ಹದಿನೆಂಟು ಬಾಕ್ಸು ಎಂದರೆ ಇನ್ನೂರ ಎಪ್ಪತ್ತು ಕಿಲೋ. ಸಿಕ್ಕದ್ದು ಎರಡು ಕಿಲೋ ಚಿಲ್ಲರೆ. ಉಳಿದದ್ದು ಎಲ್ಲಿ ಹೋಯಿತು ಎಂಬುದಕ್ಕೆ ನಿಮ್ಮ ದೋಷಾರೋಪಣ ಪಟ್ಟಿಯಲ್ಲಿ ಉತ್ತರವಿದೆ: “ಆರೋಪಿತಳು ಉಪಯೋಗಿಸಿರುತ್ತಾಳೆ.” ನಾಲ್ಕೈದು ದಿನದಲ್ಲಿ ಇನ್ನೂರ ಅರವತ್ತೇಳು ಕಿಲೋ ಒಣದ್ರಾಕ್ಷಿ ಉಪಯೋಗಿಸಿದವಳನ್ನು ನೀವು ಜೈಲಿಗಲ್ಲ, ದವಾಖಾನೆಗೆ ಒಯ್ಯಬೇಕಿತ್ತು.

ಇಷ್ಟು ತನಕ ನಡೆದದ್ದನ್ನು ದಡ್ಡತನ ಎಂದು ಬಿಟ್ಟುಬಿಡುತ್ತಿದ್ದೆ. ದಡ್ಡತನಕ್ಕೆ ಯಾರೂ ಬಹಿರಂಗ ಪತ್ರ ಬರೆಯುವುದಿಲ್ಲ, ಬರೆಯುತ್ತ ಕುಳಿತರೆ ಕಾಗದ ಸಾಲದು. ನಾನು ಬರೆಯುತ್ತಿರುವುದು ಅಂದು ಮಧ್ಯಾಹ್ನ ಎರಡು ಗಂಟೆಗೆ ಆದದ್ದರ ಬಗ್ಗೆ.

ನನ್ನನ್ನು ಠಾಣೆಯ ಒಳಕೋಣೆಯಲ್ಲಿ ಕಾಗದದ ಕಪಾಟಿನ ಪಕ್ಕ ನೆಲದ ಮೇಲೆ ಕೂರಿಸಿದ್ದಿರಿ. ನಡುವಿನ ಬಾಗಿಲು ಅರ್ಧ ತೆರೆದಿತ್ತು. ವೈನಿಯ ದನಿ ಕೇಳಿತು. ಹೊಲ ದಾಟಿ ನಡೆದೇ ಬಂದಿದ್ದರೆಂದು ಕಾಣುತ್ತದೆ, ಏದುಸಿರು ಬಿಡುತ್ತಿದ್ದರು.

“ಸಾಹೇಬ್ರ, ಆ ಉಡಿ ನಾನ ತುಂಬೇನ್ರಿ. ನನ್ನ ಕೈಯಾರೆ ತುಂಬೇನಿ. ಆಕಿ ಏನೂ ಕದ್ದಿಲ್ಲ, ಮೊದಲ ಬಿಡ್ರಿ ಆಕಿನ್ನ.”

ನೀವು, “ಅವ್ವಾರ, ನೀವು ದೊಡ್ಡ ಮನಿಯವ್ರು, ಇಂಥಾ ಜಾಗಾಕ್ಕ ಬರಬಾರದು. ಚಾ ತರಸ್ತೇನಿ, ಕುಡದು ಹೋಗ್ರಿ” ಎಂದಿರಿ.

“ಚಾ ಬ್ಯಾಡ್ರಿ ನನಗ. ಬರಕೋರಿ ನಾ ಹೇಳಿದ್ದ.”

ಅಷ್ಟರಲ್ಲಿ ಸಾವಕಾರರ ಮೋಟರ್ ಸೈಕಲ್ ಬಂದು ನಿಂತಿತು. ಅವರು ಒಳಗೆ ಬಂದು, “ನಿನಗ ಯಾರು ಇಲ್ಲಿಗೆ ಬಾ ಅಂದ್ರು?” ಎಂದರು. “ನಾ ತುಂಬಿದ್ದು ನಿಮಗೂ ಗೊತ್ತೈತಿ. ನಿಮ್ಮ ಎದುರಿಗೇ ಮಣಿ ಹಾಕೇನಿ” ಎಂದರು ವೈನಿ. ಸಾವಕಾರರು ಅದನ್ನು ಅಲ್ಲಗಳೆಯಲಿಲ್ಲ. ಕೊನೆಗೆ ನೀವೇ ನ್ಯಾಯ ಹೇಳಿದಿರಿ: “ಸಾವಕಾರ್ರ, ಮನಿ ಮಾತು ಮನ್ಯಾಗ ಇರಲಿ. ಕರಕೊಂಡ ಹೋಗ್ರಿ.”

ಕರೆದುಕೊಂಡು ಹೋದರು. ನನ್ನನ್ನು ನೀವು ಕರೆದುಕೊಂಡು ಹೋದಿರಿ. ಜಾಮೀನು ಅಂದೇ ಸಿಕ್ಕರೂ ಹೊಣೆ ನಿಲ್ಲುವವರ ಹೊಲದ ಉತಾರ, ಅಂದರೆ ಪಹಣಿ, ಬೇಕಾಯಿತು. ನನ್ನ ಗಂಡ ಬಸ್ ಸ್ಟ್ಯಾಂಡಿನ ಹತ್ತಿರ ಪಂಕ್ಚರ್ ತೆಗೆಯುವವರು, ಅವರಿಗೆ ಎಲ್ಲಿಯ ಹೊಲ? ನಾಲ್ಕು ದಿನ ಜೈಲಿನಲ್ಲಿದ್ದೆ. ಐದನೆಯ ದಿನ ಲಾಡಲೇಸಾಬ ತಮ್ಮ ಎರಡು ಎಕರೆಯ ಉತಾರ ತಂದು ಬಿಡಿಸಿದರು. “ಯಾಕ ಕಾಕಾ, ನಿಮಗ್ಯಾಕ ಈ ತ್ರಾಸ” ಎಂದೆ. “ಸಾವಕಾರ್ರ ಮಾತ ನಾನೂ ಅಲ್ಲೇ ನಿಂತ ಕೇಳೇನಲ್ಲ ತಂಗಿ, ಅದಕ್ಕ” ಎಂದರು. ವೈನಿಯ ಮಾತನ್ನು ನೀವೂ ಕೇಳಿದ್ದಿರಿ ಸಾಹೇಬರೇ. ಕೇಳಿದ ಮೇಲೆ ಟೆಂಪೋ ಓಡಿಸುವವರಿಗೆ ಹೊಲ ಒತ್ತೆ ಇಡಬೇಕು ಅನಿಸಿತು, ನಿಮಗೆ ಚಹಾ ತರಿಸಬೇಕು ಅನಿಸಿತು.

ಎರಡು ವರ್ಷ ಕೇಸು ನಡೆಯಿತು. ಪ್ರತಿ ತಾರೀಖಿಗೆ ತಿಕೋಟಾದಿಂದ ವಿಜಯಪುರಕ್ಕೆ ಬಸ್ಸು, ನ್ಯಾಯಾಲಯದ ವರಾಂಡಾ, ಮತ್ತೊಂದು ತಾರೀಖು. ನನ್ನ ವಕೀಲ ಅರುಣಕುಮಾರ ಹರೆಯದವರು, ನನ್ನ ತಮ್ಮನ ವಯಸ್ಸು. ವೈನಿಯನ್ನು ಸಾಕ್ಷಿಗೆ ಕರೆಸೋಣ ಎಂದು ಅವರು ಎಷ್ಟು ಹೇಳಿದರೂ ನಾನು ಒಪ್ಪಲಿಲ್ಲ. ಉಡಿ ತುಂಬಿದ ಕೈಯನ್ನು ಕೋರ್ಟಿನ ಕಟಕಟೆಗೆ ಎಳೆಯುವುದೇ? ಅವರು ಆ ಮನೆಯಲ್ಲೇ ಬಾಳಬೇಕಲ್ಲ? ನನ್ನ ಈ ಮರ್ಯಾದೆಯನ್ನು ಇಂದು ತಪ್ಪು ಎನ್ನುತ್ತಾರೆ, ಇರಬಹುದು. ಕೊನೆಗೆ ವಕೀಲರು ನಿಮ್ಮನ್ನೇ ಕೇಳಿದರು, ಈ ಅರಿಶಿನ ಕೊಂಬು ಯಾಕೆ ಜಪ್ತಿ ಮಾಡಿದಿರಿ ಎಂದು. “ನೆನಪಿಲ್ಲ” ಎಂದಿರಿ. ಉಡಿ ಎಂಬ ಪದ್ಧತಿ ಗೊತ್ತೇ ಎಂದು ಕೇಳಿದರು. “ಕೇಳಿದ್ದೇನೆ” ಎಂದಿರಿ. ನ್ಯಾಯಾಧೀಶರು ಕನ್ನಡಕ ತೆಗೆದು ನಿಮ್ಮನ್ನು ಒಮ್ಮೆ ನೋಡಿದ್ದು ನನಗೆ ಇನ್ನೂ ಕಣ್ಣಿಗೆ ಕಟ್ಟಿದಂತಿದೆ. ನನ್ನನ್ನು ಖುಲಾಸೆ ಮಾಡಿದರು. ಅದೇ ವರ್ಷ ನಿಮಗೆ ಬಡ್ತಿ ಬಂತು.

ಖುಲಾಸೆಯಾಯಿತಲ್ಲ, ಇನ್ನೇನು ಬೇಕು ಎಂದು ಬಹಳ ಜನ ಕೇಳುತ್ತಾರೆ. ಸಾವಕಾರರ ಬಾಯಿಯಿಂದ ಹೊರಟದ್ದು ಒಂದು ದಿನದಲ್ಲಿ ಊರು ಮುಟ್ಟಿತು, ನ್ಯಾಯಾಧೀಶರ ತೀರ್ಪು ಎರಡು ವರ್ಷ ದಾಟಿದರೂ ನಮ್ಮ ಓಣಿ ಮುಟ್ಟಿಲ್ಲ. ನನ್ನ ಹದಿನಾಲ್ಕು ಜನ ಸಾವಕಾರರಿಗೆ ಅಂಜಿ ಚದುರಿಹೋದರು, ಕಾಳವ್ವ ಒಬ್ಬಳು ಉಳಿದಳು. ಮೂರು ಹಂಗಾಮು ಯಾವ ಶೆಡ್ಡಿನವರೂ ನನ್ನನ್ನು ಕರೆಯಲಿಲ್ಲ. ಸಾವಕಾರರು ಮಾತಿಗೆ ತಪ್ಪುವವರಲ್ಲ, ಹೇಳಿದಂತೆಯೇ ಮಾಡಿ ತೋರಿಸಿದರು. ಕೇಸು ನಡೆದಾಗ ಬಬಲೇಶ್ವರದಲ್ಲಿ ನನ್ನ ತಂಗಿಯ ಮಗಳ ಲಗ್ನವಾಯಿತು. ಹೆಂಗಸರ ಸಾಲಿನಲ್ಲಿ ನಾನೂ ಕುಳಿತಿದ್ದೆ. ನನ್ನ ಬಲಕ್ಕಿದ್ದವಳಿಗೆ ಉಡಿ ತುಂಬಿದರು, ಎಡಕ್ಕಿದ್ದವಳಿಗೆ ತುಂಬಿದರು. ತಂಗಿಯ ಅತ್ತೆ ನನ್ನ ಕಡೆ ನೋಡದೆಯೇ, “ಪೊಲೀಸ್ ಕೇಸ್ ಐತಲ್ಲ ಬೇ, ಅದೊಂದು ಮುಗೀಲಿ. ಮುಂದಿನ ಲಗ್ನದಾಗ ತುಂಬ್ತೇವಿ” ಎಂದಳು. ನನ್ನ ತಂಗಿ ಗೋಡೆಯ ಕಡೆ ಮುಖ ಮಾಡಿ ನಿಂತಳು. ನಾನು ಸೆರಗನ್ನು ಮಡಚಿಕೊಂಡು ಎದ್ದೆ. ಜೈಲಿನಲ್ಲಿ ಅಳದವಳು ಅಂದು ಬಬಲೇಶ್ವರದ ಬಸ್ ಸ್ಟ್ಯಾಂಡಿನಲ್ಲಿ ಎಲ್ಲರ ಮುಂದೆ ಅತ್ತೆ. ಇದನ್ನು ನಾನು ತಮಾಷೆಯಾಗಿ ಬರೆಯಲಾರೆ.

ಆದ್ದರಿಂದ ದಾವೆ ಹೂಡಿದೆ. ದುರುದ್ದೇಶದಿಂದ ಸುಳ್ಳು ಕೇಸು ಹಾಕಿಸಿ ಮಾನ ಕಳೆದವರಿಂದ ಪರಿಹಾರ ಪಡೆಯುವ ಹಕ್ಕು ಕಾನೂನಿನಲ್ಲಿದೆ ಎಂದು ನನಗೆ ಗೊತ್ತಾದದ್ದು ಖುಲಾಸೆಯಾಗಿ ಹತ್ತು ತಿಂಗಳಾದ ಮೇಲೆ. ಒಂದು ವರ್ಷ ದಾಟಿದರೆ ಆ ಹಕ್ಕೂ ಹೋಗುತ್ತದೆ ಎಂದು ಗೊತ್ತಾದದ್ದು ಅದೇ ದಿನ. ಕಾನೂನು ಬಡವರಿಗೆ ಎಷ್ಟು ಅವಸರ ಮಾಡುತ್ತದೆ ನೋಡಿರಿ. ಫಿರ್ಯಾದಿ ಬರೆಯುವಾಗ ಅರುಣಕುಮಾರ ಪೆನ್ನು ಹಿಡಿದು, “ಅಕ್ಕಾ, ನಿಮ್ಮ ಮಾನಕ್ಕ ಎಷ್ಟ ಪರಿಹಾರ ಅಂತ ಬರೀಲಿ? ಹೆಚ್ಚ ಬರದ್ರ ಕೋರ್ಟ್ ಫೀನೂ ಹೆಚ್ಚ ಕಟ್ಟಬೇಕಾಗ್ತೈತಿ” ಎಂದರು. ಪಕ್ಕದಲ್ಲಿದ್ದ ಲಾಡಲೇಸಾಬ, “ಹಂಗಾದ್ರ ಬಡವ್ರು ತಮ್ಮ ಮಾನ ಸ್ವಲ್ಪ ಕಡಿಮಿ ಇಟಗೋಬೇಕು ಅಂದಂಗಾತು” ಎಂದರು. ಎಷ್ಟು ಬರೆಸಿದೆ ಎಂಬುದು ಬೇಡ. ಒಡವೆ ಅಡವಿಟ್ಟು ಫೀ ಕಟ್ಟಿದೆ ಎಂದಷ್ಟೇ ಹೇಳುತ್ತೇನೆ.

ಇಲ್ಲಿ ಇನ್ನೊಂದು ಸೊಗಸಿದೆ. ಮೊದಲ ಕೋರ್ಟಿನಲ್ಲಿ ನಾನು ಕಳ್ಳಿ ಎಂದು ನೀವು ಸಾಬೀತು ಮಾಡಬೇಕಿತ್ತು, ಆಗಲಿಲ್ಲ, ನಿಮಗೆ ಏನೂ ಆಗಲಿಲ್ಲ. ಈ ಕೋರ್ಟಿನಲ್ಲಿ ಎಲ್ಲವನ್ನೂ ನಾನು ಸಾಬೀತು ಮಾಡಬೇಕು. ಖುಲಾಸೆಯ ತೀರ್ಪೊಂದೇ ಸಾಲದಂತೆ. ದೂರು ಕೊಡಲು ಸಾವಕಾರರಿಗೆ ತಕ್ಕ ಕಾರಣ ಇರಲಿಲ್ಲ, ಸುಳ್ಳೆಂದು ಗೊತ್ತಿದ್ದೂ ಹಗೆಯಿಂದ ಕೊಟ್ಟರು ಎಂದು ತೋರಿಸಬೇಕು. ಹಗೆಗೆ ಲಾಡಲೇಸಾಬ ಸಾಕ್ಷಿ ಹೇಳಿದ್ದಾರೆ. ಗೊತ್ತಿತ್ತು ಎಂಬುದಕ್ಕೆ? ಸಾವಕಾರರ ತಕರಾರಿನ ಉತ್ತರ ಕೇಳಿರಿ: “ವಾದಿಗೆ ಉಡಿ ತುಂಬಿದ ಸಂಗತಿ ನನಗೆ ತಿಳಿದಿಲ್ಲ. ನಮ್ಮ ಮನೆತನದಲ್ಲಿ ಕೂಲಿಯವರಿಗೆ ಉಡಿ ತುಂಬುವ ಪದ್ಧತಿ ಇಲ್ಲ. ನಾನು ಪ್ರಾಮಾಣಿಕ ನಂಬಿಕೆಯಿಂದ ದೂರು ನೀಡಿದ್ದೇನೆ.” ಒಂಬತ್ತು ಹಂಗಾಮಿನ ಉಡಿಯನ್ನು ಒಂದು ಸಾಲಿನಲ್ಲಿ ಅಳಿಸಿಹಾಕಿದರು! ಉಡಿ ತುಂಬಿದ್ದಕ್ಕೆ ಕಾಳವ್ವ ಸಾಕ್ಷಿ ಹೇಳಬಲ್ಲಳು. ಆದರೆ ಅದು ಸಾವಕಾರರಿಗೆ ತಿಳಿದಿತ್ತು ಎಂದು ಠಾಣೆಯಲ್ಲಿ ಕೇಳಿದವರು, ಆ ಗಂಡಹೆಂಡತಿಯನ್ನು ಬಿಟ್ಟರೆ, ಬಾಗಿಲ ಆಚೆ ನಾನು, ಈಚೆ ನೀವು. ನನ್ನ ಮಾತನ್ನು ನನ್ನದೇ ದಾವೆಯಲ್ಲಿ ಯಾರು ನಂಬುತ್ತಾರೆ? ಉಳಿದವರು ನೀವು.

ನಿಮ್ಮ ಮೇಲೆ ನಾನು ದಾವೆ ಹಾಕಿಲ್ಲ, ಗಮನಿಸಿರಿ. ಸರಕಾರಿ ನೌಕರರ ಮೇಲೆ ಹಾಕುವುದಾದರೆ ಎರಡು ತಿಂಗಳು ಮೊದಲು ನೋಟಿಸು ಕೊಡಬೇಕಂತೆ. ನನ್ನನ್ನು ಹಿಡಿಯುವಾಗ ನೀವು ಎರಡು ನಿಮಿಷ ಮೊದಲು ಹೇಳಲಿಲ್ಲ, ಇರಲಿ. ನಿಮ್ಮಿಂದ ದುಡ್ಡು ಕೇಳುತ್ತಿಲ್ಲ, ಕ್ಷಮೆ ಕೇಳುತ್ತಿಲ್ಲ, ಬಡ್ತಿಯನ್ನು ವಾಪಸು ಕೊಡಿ ಎಂದೂ ಕೇಳುತ್ತಿಲ್ಲ. ಬಂದು ಒಂದು ಮಾತು ಹೇಳಿ ಎನ್ನುತ್ತಿದ್ದೇನೆ. ಅದಕ್ಕೇ ನಿಮ್ಮ ಸೊಂಟ ಹಿಡಿದುಕೊಂಡಿತು. ಕುಂಬಳಕಾಯಿ ಕಳ್ಳ ಎಂದರೆ ಹೆಗಲು ಮುಟ್ಟಿ ನೋಡಿಕೊಂಡರಂತೆ. ನೀವು ಸೊಂಟ ಮುಟ್ಟಿ ನೋಡಿಕೊಂಡಿರಿ.

ರಸೀದಿ ಐತೇನು ಎಂಬ ನಿಮ್ಮ ಒಂದು ಪ್ರಶ್ನೆ ಈ ಕಡೆ ಎಷ್ಟು ದೂರ ಹೋಗಿದೆ ಎಂದು ಗೊತ್ತೇ? ಈ ವರ್ಷ ಧೈರ್ಯ ಮಾಡಿ ಒಬ್ಬರು ನನ್ನನ್ನೂ ಕಾಳವ್ವನನ್ನೂ ಶೆಡ್ಡಿಗೆ ಕರೆದರು. ಕಡೆಯ ದಿನ ಆ ಮನೆಯಾಕೆ ಉಡಿ ತುಂಬಲು ಬಂದರು, ಜೊತೆಗೆ ಒಂದು ಕಾಗದದ ಕಟ್ಟು. ಪ್ರತಿಯೊಬ್ಬಳ ಹೆಸರಿನಲ್ಲಿ ಒಂದು ಚೀಟಿ: “ಸ್ವಇಚ್ಛೆಯಿಂದ ಕೊಡಲಾಗಿದೆ.” ಕೆಳಗೆ ಸಹಿ. “ತಪ್ಪ ತಿಳೀಬ್ಯಾಡ್ರಿ, ನಿಮ್ಮ ಒಳ್ಳೇದಕ್ಕ” ಎಂದರು ಪಾಪ. ಕಾಳವ್ವ ಚೀಟಿಯನ್ನು ತಿರುಗಿಸಿ ಮುರುಗಿಸಿ ನೋಡಿ, “ನನಗ ಓದಾಕ ಬರೂದಿಲ್ಲ ಯವ್ವಾ. ದೇವ್ರಿಗೂ ಬರೂದಿಲ್ಲ. ಜಗಲಿ ಮ್ಯಾಲ ಇದನ್ನ ಹ್ಯಾಂಗ ಇಡ್ಲಿ?” ಎಂದು ಚೀಟಿ ವಾಪಸು ಕೊಟ್ಟು ಉಡಿಯನ್ನಷ್ಟೇ ತಂದಳು. ನಾನೂ ಚೀಟಿ ತರಲಿಲ್ಲ. ಮತ್ತೆ ಜೀಪು ಬಂದರೆ ಬರಲಿ ಎಂದುಕೊಂಡೆ.

ಇಷ್ಟನ್ನು ಬರೆದು ನಿಲ್ಲಿಸಬೇಕೆಂದಿದ್ದೆ. ಆದರೆ ಕಳೆದ ತಾರೀಖಿನಂದು, ಅಂದರೆ ನಿಮ್ಮ ಸೊಂಟನೋವಿನ ದಿನ, ಇನ್ನೊಂದು ಆಯಿತು. ಕೋರ್ಟಿನಿಂದ ಹೊರಬಿದ್ದು ಗಾಂಧಿ ಚೌಕಕ್ಕೆ ಬಂದೆ. ಆಟೋ, ತಳ್ಳುಗಾಡಿ, ಶ್ರಾವಣದ ಗದ್ದಲ. ಖಣದ ಅಂಗಡಿಯ ಮೆಟ್ಟಿಲ ಮೇಲೆ ವೈನಿ ನಿಂತಿದ್ದರು. ನಾಲ್ಕು ವರ್ಷದ ಮೇಲೆ ಎದುರಾಬದುರು. ನಾನು ಮುಖ ತಿರುಗಿಸಿಕೊಂಡು ಹೋಗುತ್ತಿದ್ದೆ, ಅವರಿಗೇ ಸಂಕಟವಾದೀತು ಎಂದು. “ನಂದಾ, ನಿಂದರ ಬೇ” ಎಂದು ಕೈ ಹಿಡಿದರು. ಅಂಗಡಿಯೊಳಗೆ ಕರೆದೊಯ್ದು, ಆಗಷ್ಟೇ ಕೊಂಡ ಖಣವನ್ನೂ ಚೀಲದಲ್ಲಿದ್ದ ತೆಂಗಿನಕಾಯಿಯನ್ನೂ ತೆಗೆದು, ಗಿರಾಕಿಗಳೆಲ್ಲ ನೋಡುತ್ತಿದ್ದಂತೆ, “ಸೆರಗ ಹಿಡಿ” ಎಂದರು. ಹಿಡಿದೆ.

“ನಾ ಬಂದು ಹೇಳಿದ್ದು ನೀ ಒಳಗ ಕುಂತ ಕೇಳಿದಿ ಏನ?” ಎಂದರು.

“ಕೇಳೇನ್ರಿ ವೈನಿ.”

“ಮತ್ತ ಕೋರ್ಟಿಗೆ ನನ್ನ ಯಾಕ ಕರೀಲಿಲ್ಲ?”

“ನಿಮ್ಮ ಮನಿ ನೋಡ್ರಿ...”

“ನನ್ನ ಮನಿ ಚಿಂತಿ ನನಗ ಬಿಡ. ಮೂರು ವರ್ಷ ನಿನ್ನ ಉಡಿ ಬರಿದ ಇತ್ತಂತ, ಬಬಲೇಶ್ವರದಾಗ ಆಗಿದ್ದು ನನಗೂ ಗೊತ್ತಾತು. ನಾ ತುಂಬಿದ ಉಡಿಯಿಂದ ಹಂಗಾತು. ಕರಿ ನನ್ನ, ಬರ್ತೇನಿ. ಆದ್ರ ಆ ಸಾಹೇಬ ಇಲ್ಲಾ ಅಂದ್ರ ನನ್ನೊಬ್ಬಾಕಿ ಮಾತ ಯಾರು ನಂಬ್ತಾರ?”

ವೈನಿ ಗಲ್ಲಾಪೆಟ್ಟಿಗೆಯ ಮೇಲಿದ್ದ ಪೆನ್ನು ತೆಗೆದುಕೊಂಡು, ಖಣದ ಬಿಲ್ಲನ್ನು ತಿರುವಿ ಹಾಕಿ, ನಿಧಾನವಾಗಿ ಬರೆದರು: “ಆ ವರ್ಷ ಹಂಗಾಮಿನ ಕಡೆಯ ದಿನ ನಂದಾಳ ಉಡಿ ನಾನು ತುಂಬಿದ್ದೇನೆ. ಆಕೆಯನ್ನು ಹಿಡಿದ ದಿನ ಠಾಣೆಗೆ ಹೋಗಿ ಸಾಹೇಬರಿಗೆ ಹೇಳಿದ್ದೇನೆ. ನನ್ನ ಯಜಮಾನರೂ ಎದುರಿಗೆ ಇದ್ದರು.” ಕೆಳಗೆ ಪೂರ್ತಿ ಹೆಸರಿನ ಸಹಿ. “ಇದನ್ನ ಪೇಪರಿನ್ಯಾಗ ಹಾಕ್ಸು. ಮನ್ಯಾಗೂ ಓದ್ಲಿ, ಠಾಣೇದಾಗೂ ಓದ್ಲಿ” ಎಂದು ಹೇಳಿ ಮೆಟ್ಟಿಲಿಳಿದು ಜನರ ನಡುವೆ ಹೊರಟುಹೋದರು.

ಈಗ ನನ್ನ ಬೇಡಿಕೆ. ಹನ್ನೆರಡನೆಯ ತಾರೀಖು ಬನ್ನಿ. ಬರುವಾಗ ಅಂದಿನ ಠಾಣಾ ದಿನಚರಿ ತನ್ನಿ. ಅದರಲ್ಲಿ ವೈನಿ ಬಂದದ್ದನ್ನು ಬರೆದಿಲ್ಲದಿದ್ದರೆ ಯಾಕೆ ಬರೆಯಲಿಲ್ಲ ಎಂದು ಹೇಳಿರಿ. “ಬಂದಿದ್ದರು, ಹೇಳಿದ್ದರು, ಗಂಡನೂ ಇದ್ದರು”, ಇಷ್ಟು ಹೇಳಲು ನಿಮಗೆ ಅರ್ಧ ನಿಮಿಷ ಸಾಕು, ಸೊಂಟಕ್ಕೆ ಕುರ್ಚಿ ಕೊಡಿಸುತ್ತೇನೆ. ಜಪ್ತಿ ಮಾಡಿದ ಸ್ವತ್ತನ್ನು ನನಗೆ ಮರಳಿಸಬೇಕೆಂದು ಖುಲಾಸೆಯ ತೀರ್ಪಿನಲ್ಲೇ ಇದೆ, ಅದನ್ನೂ ತನ್ನಿ. ದ್ರಾಕ್ಷಿಗೆ ಹುಳ ಬಿದ್ದಿರುತ್ತದೆ, ಅಡ್ಡಿಯಿಲ್ಲ. ತೆಂಗಿನಕಾಯಿ ಸಿಗುತ್ತಿಲ್ಲ ಎಂದು ಠಾಣೆಯವರು ಲಿಖಿತವಾಗಿ ಉತ್ತರ ಕೊಟ್ಟಿದ್ದಾರೆ. ಆ ಕಾಯಿಯನ್ನು ಯಾರು ಕೇಳಿ ಒಯ್ದರು, ಕೇಳದೆ ಒಯ್ದರು, ರಸೀದಿ ಇದೆಯೇ, ಒಂದು ತನಿಖೆ ನಡೆಸಿರಿ. ನಿಮಗೆ ಅನುಭವವಿದೆ.

ವೈನಿ ಅಂದು ಬರುತ್ತಾರೆ. ಗಂಡನೂ ಮನೆಯೂ ಊರೂ ಎದುರಿಗಿದ್ದು ಅವರು ಬರುತ್ತಾರೆ. ನಿಮ್ಮ ಎದುರಿಗೆ ಯಾರಿದ್ದಾರೆ ಸಾಹೇಬರೇ? ನೀವು ಬರದಿದ್ದರೆ ಅವರು ಒಬ್ಬರೇ ನಿಂತು ಸುಳ್ಳುಗಾರ್ತಿ ಎನಿಸಿಕೊಂಡು ಅದೇ ಮನೆಗೆ ಮರಳಬೇಕು. ನನ್ನ ಮಾನದ ಮಾತು ಬಿಡಿ, ಅದು ನಾಲ್ಕು ವರ್ಷದಿಂದ ಕೋರ್ಟಿನಲ್ಲಿದೆ, ಅದಕ್ಕೆ ರೂಢಿಯಾಗಿದೆ. ಅಂದು ಅವರು ಹೊಲ ದಾಟಿ ನಿಮ್ಮ ಬಳಿಗೆ ಓಡಿ ಬಂದಾಗ ನೀವು ವಾಪಸು ಕಳಿಸಿದಿರಿ. ಇನ್ನೊಮ್ಮೆ ಕಳಿಸಬೇಡಿ.

ಉಡಿಗೆ ರಸೀದಿ ಇಸಿದುಕೊಂಡ ಹೆಂಗಸು ನಮ್ಮ ಕುಲದಲ್ಲಿ ನಾನೇ ಮೊದಲಿಗಳು. ನಾಚಿಕೆಯಾಗುತ್ತದೆ. ಆದರೂ ಜಗಲಿಯ ಮೇಲೆ ಖಣದ ಕೆಳಗೆ ಅದನ್ನು ಮಡಚಿ ಇಟ್ಟಿದ್ದೇನೆ. ನೀವು ಕೇಳಿದ ಕಾಗದ ಸಿಕ್ಕಿದೆ ಸಾಹೇಬರೇ, ಬಂದು ನೋಡಿರಿ.

ಇಂತಿ,
ಕೇಳದೆ ತಂದವಳು, ಕದಿಯದೆ ಜೈಲು ಕಂಡವಳು,
ನಿಮ್ಮ ಒಂದನೇ ಆರೋಪಿತಳು, ಈಗಿನ ವಾದಿ,
ನಂದಾ
ತಿಕೋಟಾ